ಮೂಲ ಕೇಳುವ ಮಕ್ಕಳು

ಮೇ ಕೊನೆ ಬಂತೆಂದರೆ ಅಮೆರಿಕದಲ್ಲಿರುವ ನಮ್ಮವರ ಮನೆಗಳಲ್ಲಿ ಕ್ರಿಕೆಟ್ ಮ್ಯಾಚಿಗಿಂತ ಜಾಸ್ತಿ ಗದ್ದಲ. ಟಿವಿಯಲ್ಲಿ ಸ್ಕ್ರಿಪ್ಸ್ ಸ್ಪೆಲಿಂಗ್ ಬೀ ಫೈನಲ್. ಮಕ್ಕಳು ಕೇಳಿದ ಇಂಗ್ಲಿಷ್ ಪದದ ಸ್ಪೆಲಿಂಗ್ ಹೇಳುವ, 1925ರಲ್ಲಿ ಶುರುವಾದ ಸ್ಪರ್ಧೆ ಇದು. 2019ರಲ್ಲಿ ಎಂಟು ಮಕ್ಕಳು ಒಟ್ಟಿಗೆ ಗೆದ್ದರು. ಅವರಲ್ಲಿ ಏಳು ಮಂದಿ ಭಾರತೀಯ ಮೂಲದವರು.

ಊರಲ್ಲಿ ಈ ಮಾತು ಎತ್ತಿದರೆ ‘ಸುಮ್ನೆ ಉರು ಹೊಡೆಯೋದು ಅಲ್ವಾ’ ಅಂತಾರೆ. ನನಗೇನೋ ಹಾಗೆ ಅನ್ನಿಸಿಲ್ಲ. 2023ರಲ್ಲಿ ಗೆಲುವು ತಂದುಕೊಟ್ಟ ಪದವನ್ನೇ ನೋಡಿ. ಕಿವಿಗೆ ಬೀಳುವುದು ‘ಸ್ಯಾಮೊಫೈಲ್’. ಮರಳಿನಲ್ಲೇ ಚೆನ್ನಾಗಿ ಬದುಕುವ ಜೀವಿ ಅಂತ ಅರ್ಥ. ಬರೆಯುವಾಗ ಮುಂದೊಂದು ‘ಪಿ’ ಇದೆ, ಅದನ್ನು ಯಾರೂ ಉಚ್ಚರಿಸುವುದಿಲ್ಲ. ಮಗು ಅರ್ಥ ಕೇಳಬಹುದು, ಯಾವ ಭಾಷೆಯಿಂದ ಬಂದದ್ದು ಅಂತ ಕೇಳಬಹುದು, ಬೇರೆ ಉಚ್ಚಾರ ಇದೆಯಾ, ವಾಕ್ಯದಲ್ಲಿ ಬಳಸಿ ಅನ್ನಬಹುದು. ಗ್ರೀಕ್ ಅಂತ ಉತ್ತರ ಬಂದರೆ ಆ ಮೂಕ ‘ಪಿ’ ನೆನಪಾಗುತ್ತದೆ. ಪದ ಓದುವವರೂ 1980ರಲ್ಲಿ ಇದೇ ಸ್ಪರ್ಧೆ ಗೆದ್ದವರು. ಎಷ್ಟು ಕೇಳಿದರೂ ಸಿಡುಕುವುದಿಲ್ಲ.

ಎಲ್ಲ ಪದವೂ ಹೀಗೆ ಬಗ್ಗುವುದಿಲ್ಲ ಬಿಡಿ. 2021ರ ಪದ ‘ಮರೇಯಾ’. ನಮ್ಮ ಒಗ್ಗರಣೆಯ ಕರಿಬೇವನ್ನು ಬಹುಕಾಲ ಸೇರಿಸಿದ್ದು ಈ ಸಸ್ಯಜಾತಿಗೇ. ಹೆಸರು ಬಂದದ್ದು ಮರ್ರೆ ಎಂಬ ಸಸ್ಯಶಾಸ್ತ್ರಜ್ಞನಿಂದ. ಅಲ್ಲಿ ಗ್ರೀಕ್, ಲ್ಯಾಟಿನ್ ಬೇರು ಹುಡುಕಿ ಪ್ರಯೋಜನವಿಲ್ಲ. ಗೊತ್ತಿದ್ದರೆ ಗೊತ್ತು, ಅಷ್ಟೆ.

ನಮ್ಮ ಉಕ್ತಲೇಖನ ನೆನಪಿದೆಯಲ್ಲ? ಮೇಷ್ಟ್ರು ಎರಡು ಸಲ ಹೇಳಿ ಮುಂದಿನ ಪದಕ್ಕೆ ಹೋಗುತ್ತಿದ್ದರು. ಯಾವ ಮೂಲ ಅಂತ ಕೇಳಿದ್ದರೆ ಬೆಂಚಿನ ಮೇಲೆ ನಿಲ್ಲಿಸುತ್ತಿದ್ದರೇನೋ! ಕನ್ನಡ ಅಂದ ಹಾಗೇ ಬರೆಯುವ ಭಾಷೆ, ಕೇಳುವುದೇನಿದೆ ಎಂಬುದು ನಮ್ಮ ಹೆಮ್ಮೆ. ಆದರೆ ಇವತ್ತಿಗೂ ಎಷ್ಟೋ ಜನ ‘ಒಂಭತ್ತು’, ‘ಎಂಭತ್ತು’ ಅಂತಲೇ ಬರೆಯುತ್ತಾರೆ. ಅಚ್ಚಗನ್ನಡ ಪದಗಳಲ್ಲಿ ಮಹಾಪ್ರಾಣ ಇಲ್ಲವೆಂದೇ ಹೇಳಬಹುದು. ಒಂಬತ್ತು ನಮ್ಮದೇ ಪದ ಅಂತ ಗೊತ್ತಿದ್ದವರು ಅಲ್ಲಿ ‘ಭ’ ಹಾಕುವುದಿಲ್ಲ. ‘ಭಾಷೆ’ ಸಂಸ್ಕೃತದ್ದು, ಭಕಾರವೂ ಬೇಕು, ಷಕಾರವೂ ಬೇಕು. ಖರ್ಚು, ಖಾಲಿ ಪಾರಸಿ-ಉರ್ದು ಕಡೆಯಿಂದ ಬಂದವು, ಖಕಾರ ಹೊತ್ತುಕೊಂಡೇ ಬಂದವು.

ಇಲ್ಲಿ ಅಮೆರಿಕದಲ್ಲಿರುವ ನಮ್ಮ ಮಕ್ಕಳಿಗೆ ಇಂಗ್ಲಿಷ್ ಪದದ ಮೂಲ ಕೇಳುವ ಚಾಳಿ ಆಗಲೇ ಇದೆ. ಭಾನುವಾರದ ಕನ್ನಡ ತರಗತಿಯಲ್ಲಿ ನಾವು ಮಾತ್ರ ಹಳೇ ಉಕ್ತಲೇಖನವನ್ನೇ ಕೊಡುತ್ತೇವೆ. ಅಲ್ಲೂ ಅವರು ಕೇಳಲಿ. ಒಂದು ಗಂಟೆಯಲ್ಲಿ ಇಪ್ಪತ್ತು ಪದದ ಬದಲು ಐದೇ ಆಗಬಹುದು, ಆಗಲಿ.