38ಕ್ಕೇ ಅಜ್ಜಿ, 64ಕ್ಕೆ ನಾಯಕಿ

ಉಮಾಶ್ರೀ ಮಾತು ಬಂದಾಗಲೆಲ್ಲ ಯಾರಾದರೊಬ್ಬರು ಹೇಳೇ ಹೇಳುತ್ತಾರೆ: "ಎಂಥಾ ನಟಿ, ಪಾಪ, ಕಾಮಿಡಿ ಮಾಡಿಸಿ ಹಾಳು ಮಾಡಿದ್ರು." ನನಗೆ ಇದು ಅರ್ಧ ಮಾತ್ರ ಒಪ್ಪಿಗೆ.

1984ರಲ್ಲಿ ಕಾಶೀನಾಥ್ 'ಅನುಭವ' ಮಾಡಿದರು. ಅದರಲ್ಲಿ ಉಮಾಶ್ರೀ ಮಾಡಿದ್ದು ಆ ಕಾಲಕ್ಕೆ ತುಂಬಾ ಧೈರ್ಯದ ಪಾತ್ರ. ಆಮೇಲೆ ಬಂದಿದ್ದೆಲ್ಲ ಜಾಸ್ತಿ ಅದೇ ಅಚ್ಚಿನವು. ಗಯ್ಯಾಳಿ, ಬಜಾರಿ, ಡಬಲ್ ಮೀನಿಂಗ್ ಮಾತು. ಬರವಣಿಗೆ ಕೆಟ್ಟದಾಗಿತ್ತು, ಒಪ್ಪೋಣ. ಆದರೆ ಹಾಸ್ಯನಟ ಎನ್.ಎಸ್. ರಾವ್ ಜೊತೆಗಿನ ಯಾವುದಾದರೂ ದೃಶ್ಯ ಹಾಕಿ ನೋಡಿ. ಎದುರಿನವರ ಮಾತು ಮುಗಿಯುವ ಮೊದಲೇ ಆಕೆಯ ಕಣ್ಣು ಉತ್ತರ ಕೊಟ್ಟಿರುತ್ತದೆ. ಅದು ಹಾಳಾದ ನಟನೆ ಅಲ್ವೇ ಅಲ್ಲ.

ಆ ಪಳಗಿದ ಕೈ ರಂಗಭೂಮಿಯದು. ನಾಟಕ ನಿರ್ದೇಶಕ ಸಿ.ಜಿ.ಕೆ. (ಸಿ.ಜಿ. ಕೃಷ್ಣಸ್ವಾಮಿ) ರಂಗಕ್ಕೆ ತಂದ ದೇವನೂರ ಮಹಾದೇವರ 'ಒಡಲಾಳ'ದಲ್ಲಿ ಕಳೆದುಹೋದ ಹುಂಜಕ್ಕಾಗಿ ಊರೆಲ್ಲ ಹುಡುಕುವ ಸಾಕವ್ವ ಇವರೇ. ಚಿಕ್ಕ ವಯಸ್ಸಲ್ಲೇ ಮುದುಕಿಯ ಪಾತ್ರ. ಅಲ್ಲಿ ಆ ಮುದುಕಿಯೇ ನಾಟಕದ ನಡುಗಂಬ.

ಸಿನಿಮಾದಲ್ಲಿ ಹಾಗಲ್ಲ. 1995ರ 'ಪುಟ್ನಂಜ'ದಲ್ಲಿ ರವಿಚಂದ್ರನ್‌ಗೆ ಇವರು ಅಜ್ಜಿ, ಪುಟ್ಮಲ್ಲಿ. ಆಗ ಅವರಿಗೆ 38ರ ಆಸುಪಾಸು, ಹೀರೋಗಿಂತ ನಾಲ್ಕೇ ವರ್ಷ ದೊಡ್ಡವರು! ಪಾತ್ರ ಸೂಪರ್, ಚಿತ್ರದಲ್ಲಿ ಇವತ್ತಿಗೂ ನೆನಪಿರುವುದು ಆ ಅಜ್ಜಿಯೇ. ಆದರೂ ಹೀರೋ ವಯಸ್ಸಿನವರು ಹೀರೋಗೆ ಅಜ್ಜಿ. ಇದನ್ನ ನಾವ್ಯಾರೂ ಪ್ರಶ್ನೆ ಮಾಡಲಿಲ್ಲ, ನಕ್ಕು ಎದ್ದು ಬಂದ್ವಿ.

2008ರಲ್ಲಿ ನಿರ್ದೇಶಕ ಗಿರೀಶ್ ಕಾಸರವಳ್ಳಿ 'ಗುಲಾಬಿ ಟಾಕೀಸ್' ಮಾಡಿದರು. ಮೂಲ ವೈದೇಹಿ ಅವರ ಕಥೆ. ಅದರಲ್ಲಿ ಉಮಾಶ್ರೀ ಕುಂದಾಪುರ ಕಡೆಯ ಸೂಲಗಿತ್ತಿ, ಸಿನಿಮಾ ಹುಚ್ಚಿನವಳು. ಗಂಡ ಬಿಟ್ಟು ಹೋಗಿದ್ದಾನೆ. ಹೆರಿಗೆ ಮಾಡಿಸಿದ್ದಕ್ಕೆ ಮನೆಗೆ ಕಲರ್ ಟಿವಿ ಬರುತ್ತದೆ, ಊರಿನ ಹೆಂಗಸರೆಲ್ಲ ಅದರ ಮುಂದೆ ಸೇರುತ್ತಾರೆ. ಅತ್ಯುತ್ತಮ ನಟಿ ರಾಷ್ಟ್ರಪ್ರಶಸ್ತಿ ಬಂತು. 'ಅಯ್ಯೋ, ಇವರು ಇಷ್ಟು ಚೆನ್ನಾಗಿ ಮಾಡ್ತಾರಾ' ಅಂತ ಆಶ್ಚರ್ಯಪಟ್ಟವರನ್ನ ಕಂಡರೆ ನನಗೆ ಆಶ್ಚರ್ಯ.

(ನಡುವೆ ತೇರದಾಳದ ಶಾಸಕಿ, ಮಂತ್ರಿ. ಅದರ ಜಗಳ ಕಾಮೆಂಟಲ್ಲಿ ಶುರು ಮಾಡಬೇಡಿ, ಪ್ಲೀಸ್.)

ರಾಷ್ಟ್ರಪ್ರಶಸ್ತಿ ಬಂದ ಮೇಲೂ ನಮ್ಮ ಕಮರ್ಷಿಯಲ್ ಸಿನಿಮಾದವರು ಇವರನ್ನ ನಡುವೆ ನಿಲ್ಲಿಸಿ ಕಥೆ ಬರೆಯಲಿಲ್ಲ. ಬರೆದದ್ದು ಟಿವಿಯವರು, ನಾವೆಲ್ಲ ಮೂಗು ಮುರಿಯುವ ಸೀರಿಯಲ್‌ನವರು. 2021ರ ಡಿಸೆಂಬರ್‌ನಲ್ಲಿ ಜೀ ಕನ್ನಡದಲ್ಲಿ 'ಪುಟ್ಟಕ್ಕನ ಮಕ್ಕಳು' ಶುರುವಾದಾಗ ಅವರಿಗೆ 64. ಇವರದು ಪುಟ್ಟಕ್ಕನ ಪಾತ್ರ: ಹುಟ್ಟಿದ ಮೂರೂ ಹೆಣ್ಣೇ ಅಂತ ಗಂಡನೇ ಬಿಟ್ಟುಹೋದವಳು, ಮೆಸ್ ನಡೆಸಿ ಮಕ್ಕಳನ್ನ ಸಾಕುವವಳು. ಹೆಸರಲ್ಲೇ ಪುಟ್ಟಕ್ಕ ಇದ್ದಾಳೆ. ಎದುರಿಗೆ ನಿಂತ ಬಡ್ಡಿ ಬಂಗಾರಮ್ಮನೂ ಹೆಂಗಸೇ, ಮಂಜುಭಾಷಿಣಿ ಮಾಡಿದ್ದು. ಇಬ್ಬರೂ ಹೀರೋಯಿನ್ ವಯಸ್ಸು ದಾಟಿದವರು. ಇಂಥ ಮುಖಾಮುಖಿಯನ್ನ ದೊಡ್ಡ ಬಜೆಟ್ ಸಿನಿಮಾದಲ್ಲಿ ಎಲ್ಲಿ ನೋಡಿದ್ದೀರಿ, ಹೇಳಿ?

ಸೀರಿಯಲ್‌ನ ಎಳೆದಾಟ ನನಗೂ ತಲೆನೋವೇ. ಒಂದು ಬಾಗಿಲು ತೆಗೆಯೋಕೆ ಮೂರು ಕ್ಲೋಸಪ್, ಮೇಲೆ ಗುಡುಗಿನ ಸದ್ದು. ಆದರೂ ಪುಟ್ಟಕ್ಕ ಒಲೆ ಮುಂದೆ ನಿಂತು ಸುಮ್ನೆ ಒಂದು ಮಾತು ನುಂಗಿಕೊಂಡರೆ ನಮ್ಮಮ್ಮ ರಿಮೋಟ್ ಕೊಡಲ್ಲ. ನಾನೂ ಕೇಳಲ್ಲ.