ಬಂಡೆಯೂ ನಂದೇ, ಕೊತ್ತಂಬರಿಯೂ ನಂದೇ

2002ರ ಫೆಬ್ರವರಿ 17, ಭಾನುವಾರ. ಸ್ಪೇನಿನ ದಕ್ಷಿಣ ತುದಿಯಲ್ಲಿರುವ ಲಾ ಲಿನೇಯಾ ಪಟ್ಟಣದ ಕಡಲ ದಂಡೆಗೆ ಬ್ರಿಟನ್ನಿನ ರಾಯಲ್ ಮರೀನ್ ಯೋಧರು ದೋಣಿಯಲ್ಲಿ ಬಂದು ದುಮುಕಿದರು. ಕೈಯಲ್ಲಿ ಬಂದೂಕು, ಮಾರ್ಟರ್. ತರಬೇತಿಯಲ್ಲಿ ಹೇಳಿಕೊಟ್ಟ ಹಾಗೆ ಮರಳಿನಲ್ಲಿ ಜಾಗ ಹಿಡಿದು ಶತ್ರುವಿಗಾಗಿ ಕಣ್ಣಾಡಿಸಿದರು. ಕಂಡವರು ಬಾಯಿ ಬಿಟ್ಟುಕೊಂಡು ನೋಡುತ್ತಿದ್ದ ಮೀನುಗಾರರು. ಆಮೇಲೆ ಸ್ಥಳೀಯ ಪೊಲೀಸರು ಬಂದು, ಸ್ವಾಮಿ, ಇದು ಸ್ಪೇನು, ನೀವು ಇಳಿಯಬೇಕಾಗಿದ್ದ ಜಿಬ್ರಾಲ್ಟರ್ ಆ ಪಕ್ಕದಲ್ಲಿದೆ ಎಂದು ದಾರಿ ತೋರಿಸಿದರು. ಐದು ನಿಮಿಷದಲ್ಲಿ ದಂಡಯಾತ್ರೆ ಮುಗಿಯಿತು. ಸ್ಪೇನನ್ನು ಗೆದ್ದುಕೊಳ್ಳುವ ಇರಾದೆ ನಮಗೆ ಇರಲಿಲ್ಲ ಎಂದು ಲಂಡನ್ನಿನ ರಕ್ಷಣಾ ಇಲಾಖೆ ಸ್ಪಷ್ಟನೆಯನ್ನೂ ಕೊಟ್ಟಿತು. ಸಾಮಾನ್ಯವಾಗಿ ನೇಟೋ ಮಿತ್ರರಾಷ್ಟ್ರಗಳು ಒಂದಕ್ಕೊಂದು ಇಂಥ ಸ್ಪಷ್ಟನೆ ಕೊಡುವ ಪ್ರಸಂಗ ಬರುವುದಿಲ್ಲ.

ಲಾ ಲಿನೇಯಾ ಎಂದರೆ ಸ್ಪ್ಯಾನಿಷಿನಲ್ಲಿ 'ಗೆರೆ'. ಗೆರೆಯ ಈ ಕಡೆ ಸ್ಪೇನು, ಆ ಕಡೆ ಬ್ರಿಟನ್ನಿನ ಕೈಯಲ್ಲಿರುವ ಜಿಬ್ರಾಲ್ಟರ್ ಎಂಬ ಬಂಡೆ. ಊರಿಗೆ ಗೆರೆ ಅಂತಲೇ ಹೆಸರಿಟ್ಟಿದ್ದರೂ ಗೆರೆ ದಾಟಿದ್ದು ಗೊತ್ತಾಗಲಿಲ್ಲ ಎಂದರೆ ಏನು ಹೇಳುವುದು!

ಮುನ್ನೂರು ವರ್ಷದ ಹಿಂದೆ ಹೀಗೇ ಬಂದು ಇಳಿದವರು ಮಾತ್ರ ವಾಪಸು ಹೋಗಲಿಲ್ಲ. ಸ್ಪೇನಿನ ಸಿಂಹಾಸನ ಯಾರಿಗೆ ಎಂಬ ದಾಯಾದಿ ಜಗಳ ನಡೆದಿತ್ತು. ಆಸ್ಟ್ರಿಯಾದ ರಾಜಕುಮಾರ ಚಾರ್ಲ್ಸನ ಪರವಾಗಿ ಪಂಚಾಯಿತಿಗೆ ಬಂದವರು ಇಂಗ್ಲಿಷರು ಮತ್ತು ಡಚ್ಚರು. 1704ರ ಆಗಸ್ಟಿನಲ್ಲಿ ಅಡ್ಮಿರಲ್ ಜಾರ್ಜ್ ರೂಕ್ ಜಿಬ್ರಾಲ್ಟರನ್ನು ಹಿಡಿದದ್ದು ಆ ಚಾರ್ಲ್ಸನ ಹೆಸರಿನಲ್ಲಿ. ಚಾರ್ಲ್ಸನಿಗೆ ಸಿಂಹಾಸನ ಸಿಗಲಿಲ್ಲ. ಪಂಚಾಯಿತಿಗೆ ಬಂದ ಇಂಗ್ಲಿಷರು ಪಡಸಾಲೆಯಲ್ಲಿ ಹಾಸಿಗೆ ಬಿಡಿಸಿಬಿಟ್ಟರು, ಇನ್ನೂ ಮಡಿಚಿಲ್ಲ. ಊರು ಬಿಟ್ಟು ಹೋದ ಸ್ಪ್ಯಾನಿಷರು ಎದುರಿನ ಗುಡ್ಡದ ಮೇಲೆ ಸಾನ್ ರೋಕೆ ಎಂಬ ಊರು ಕಟ್ಟಿಕೊಂಡು, ನಿಜವಾದ ಜಿಬ್ರಾಲ್ಟರ್ ವಾಸವಾಗಿರುವುದು ಇಲ್ಲಿ ಎಂದು ಬಿರುದಿನಲ್ಲೇ ಬರೆಸಿಕೊಂಡರು. ಅದೂ ಇನ್ನೂ ಅಳಿಸಿಲ್ಲ.

ಕ್ರಯಪತ್ರದಲ್ಲಿ ಚೆಕ್ಕುಬಂದಿ ಬರೆಯದಿದ್ದರೆ ಮೊಮ್ಮಕ್ಕಳ ಕಾಲಕ್ಕೂ ಕೋರ್ಟು ತಪ್ಪುವುದಿಲ್ಲ ಎಂದು ತಾಲ್ಲೂಕು ಕಚೇರಿಯ ಮುಂದೆ ಕೂತ ಯಾವ ಬಾಂಡ್ ರೈಟರನೂ ಹೇಳುತ್ತಾನೆ. ಯುರೋಪಿನ ಮಹಾರಾಜರಿಗೆ ಅಂಥ ಒಬ್ಬ ಬಾಂಡ್ ರೈಟರ್ ಸಿಗಲಿಲ್ಲ. 1713ರ ಯೂಟ್ರೆಕ್ಟ್ ಒಪ್ಪಂದದ ಹತ್ತನೇ ಕಲಮಿನಲ್ಲಿ ಸ್ಪೇನು ಜಿಬ್ರಾಲ್ಟರಿನ ಊರು, ಕೋಟೆ, ಬಂದರು, ಕಾವಲು ಕಟ್ಟಡಗಳನ್ನು ಶಾಶ್ವತವಾಗಿ ಬರೆದುಕೊಟ್ಟಿತು. ಪೂರ್ವಕ್ಕೆ ಏನು, ಉತ್ತರಕ್ಕೆ ಯಾರ ಸ್ವತ್ತು, ಒಂದೂ ಇಲ್ಲ. ನಕ್ಷೆಯೂ ಇಲ್ಲ. ಹಾಗಾಗಿ ಸ್ಪೇನಿನ ವಾದ: ಮನೆ ಕೊಟ್ಟೆವು, ಅಂಗಳ ಕೊಟ್ಟಿಲ್ಲ. ಬಂಡೆಯನ್ನು ನೆಲಕ್ಕೆ ಜೋಡಿಸುವ ಮರಳು ಪಟ್ಟಿ ನಮ್ಮದು, ಸುತ್ತಲಿನ ನೀರೂ ನಮ್ಮದು. ಬ್ರಿಟನ್ನಿನ ವಾದ: ಇಷ್ಟು ವರ್ಷ ಅಂಗಳ ಗುಡಿಸಿದವರು ನಾವು, ಅನುಭವದ ಹಕ್ಕು ನಮಗೇ.

ಆ ಅಂಗಳದಲ್ಲಿ ಬ್ರಿಟನ್ ಮಾಡಿದ್ದು ವಿಮಾನ ನಿಲ್ದಾಣ. ಒಟ್ಟು ಊರೇ 6.8 ಚದರ ಕಿಲೋಮೀಟರು, ನಡುವೆ 426 ಮೀಟರ್ ಎತ್ತರದ ಸುಣ್ಣಕಲ್ಲಿನ ಬಂಡೆ. ಚಪ್ಪಟೆ ನೆಲ ಎಂದು ಇದ್ದದ್ದು ಆ ಮರಳು ಪಟ್ಟಿ ಮಾತ್ರ. ಅಲ್ಲಿಂದ ಕೊಲ್ಲಿಯ ನೀರಿನೊಳಗೂ ಕಲ್ಲು ಸುರಿದು ರನ್‌ವೇ ಎಳೆದರು. ಸ್ಪೇನಿನಿಂದ ಬರುವ ನಾಲ್ಕು ಪಥದ ಹೆದ್ದಾರಿ ಆ ರನ್‌ವೇಯನ್ನು ನೇರ ಅಡ್ಡ ಹಾಯುತ್ತದೆ. ನಮ್ಮ ಲೆವೆಲ್ ಕ್ರಾಸಿಂಗ್ ಇದ್ದ ಹಾಗೆಯೇ. ದೀಪ ಕೆಂಪಾಗುತ್ತದೆ, ಗೇಟು ಬೀಳುತ್ತದೆ, ತರಕಾರಿ ಚೀಲ ಹಿಡಿದವರು, ಮಗುವಿನ ಗಾಡಿ ತಳ್ಳುವವರು, ಸೈಕಲ್ಲಿನವರು ನಿಲ್ಲುತ್ತಾರೆ. ಗೂಡ್ಸ್ ರೈಲಿನ ಬದಲು ಲಂಡನ್ನಿನ ವಿಮಾನ ಗುಡುಗುತ್ತಾ ಹಾದುಹೋಗುತ್ತದೆ. ಗೇಟು ಏಳುತ್ತದೆ, ಚೀಲಗಳು ಮುಂದೆ ಸಾಗುತ್ತವೆ. 2023ರ ಮಾರ್ಚಿನಲ್ಲಿ ವಾಹನಗಳಿಗೆ ಸುರಂಗ ಆಯಿತು. ಕಾಲ್ನಡಿಗೆಯವರು ಈಗಲೂ ರನ್‌ವೇ ಮೇಲೆಯೇ ನಡೆಯುತ್ತಾರೆ. ಸ್ಪೇನಿನ ಪ್ರಕಾರ ಅವರು ಆಗ ನಡೆಯುತ್ತಿರುವುದು ಸ್ಪೇನಿನಲ್ಲಿ, ಬ್ರಿಟನ್ನಿನ ಪ್ರಕಾರ ಬ್ರಿಟನ್ನಿನಲ್ಲಿ. ಅವರ ಪ್ರಕಾರ, ಬಿಸಿಲಿನಲ್ಲಿ.

ಹತ್ತನೇ ಕಲಮಿನಲ್ಲಿ ಇನ್ನೂ ಕೆಲವು ರತ್ನಗಳಿವೆ. ಒಂದು, ಭೂಮಾರ್ಗದಲ್ಲಿ ಸುತ್ತಲಿನ ಪ್ರದೇಶದೊಂದಿಗೆ ಮುಕ್ತ ಸಂಪರ್ಕ ಇರಕೂಡದು. ಇನ್ನೊಂದು, ಅಲ್ಲಿ ಯಹೂದಿಗಳು, ಮೂರರು (ಅಂದರೆ ಉತ್ತರ ಆಫ್ರಿಕಾದ ಮುಸ್ಲಿಮರು) ವಾಸ ಮಾಡಕೂಡದು. ಮತ್ತೊಂದು, ಮಾರುವುದಾದರೆ ಮೊದಲು ಸ್ಪೇನಿಗೇ ಕೇಳಬೇಕು. ಎರಡನೆಯದನ್ನು ಎಷ್ಟು ನಿಷ್ಠೆಯಿಂದ ಪಾಲಿಸಿದರೆಂದರೆ, ಜಿಬ್ರಾಲ್ಟರಿನ ಮೊದಲ ಮುಖ್ಯಮಂತ್ರಿ ಜೋಷುವಾ ಹಸನ್ ಯಹೂದಿ. ಪೇಟೆ ಬೀದಿಯಲ್ಲಿ ಸಿಂಧಿ ವ್ಯಾಪಾರಿಗಳ ಅಂಗಡಿಗಳಿವೆ, ಹಿಂದೂ ದೇವಸ್ಥಾನವೂ ಇದೆ. ಪತ್ರದಲ್ಲಿ ಸಿಂಧಿಗಳ ಹೆಸರು ಬರೆಯಲು ಮರೆತಿದ್ದರೆಂದು ಕಾಣುತ್ತದೆ.

ಕೊಟ್ಟದ್ದನ್ನು ಕಿತ್ತುಕೊಳ್ಳಲು ಸ್ಪೇನು ಮಾಡಿದ ದೊಡ್ಡ ಪ್ರಯತ್ನ 1779ರಿಂದ 1783ರ ಮುತ್ತಿಗೆ. ಮೂರು ವರ್ಷ ಏಳು ತಿಂಗಳು. ಫ್ರೆಂಚರೂ ಜೊತೆಗೂಡಿ, ಮುಳುಗದ, ಸುಡದ ತೇಲುಕೋಟೆಗಳು ಎಂದು ಹತ್ತು ಹಡಗುಗಳನ್ನು ದಪ್ಪ ಮರ, ಒದ್ದೆ ಮರಳು ತುಂಬಿಸಿ ತಯಾರು ಮಾಡಿದರು. 1782ರ ಸೆಪ್ಟೆಂಬರ್ 13ರಂದು ತಮಾಷೆ ನೋಡಲು ಎದುರಿನ ಗುಡ್ಡಗಳ ಮೇಲೆ ಜಾತ್ರೆಯ ಹಾಗೆ ಜನ. ಮೇಲಿನಿಂದ ಬ್ರಿಟಿಷರು ಗುಂಡುಗಳನ್ನು ಕೆಂಪಗೆ ಕಾಯಿಸಿ ಎಸೆದರು. ಮರುದಿನದ ಹೊತ್ತಿಗೆ ಸುಡದ ಹತ್ತೂ ಸುಟ್ಟು, ಮುಳುಗದ ಹತ್ತೂ ಇಲ್ಲವಾಗಿದ್ದವು.

ಇಲ್ಲೊಂದು ಮಾತು ಹೇಳದಿರಲಾಗದು. ಆ ಬಂಡೆಯನ್ನು ಕಾಯುತ್ತಿದ್ದ ದಂಡುಗಳಲ್ಲಿ 73ನೇ ಹೈಲ್ಯಾಂಡರ್ಸ್ ರೆಜಿಮೆಂಟಿನ ಎರಡನೇ ಬೆಟಾಲಿಯನ್ ಒಂದು. ಅದೇ ರೆಜಿಮೆಂಟಿನ ಮೊದಲನೇ ಬೆಟಾಲಿಯನ್ ಎಲ್ಲಿತ್ತು? ನಮ್ಮ ಕಡೆ. ಅದರ ಒಂದು ತುಕಡಿ 1780ರಲ್ಲಿ ಪೊಲ್ಲಿಲೂರಿನಲ್ಲಿ ಹೈದರನ ಕೈಗೆ ಸಿಕ್ಕಿತು, ಅದರಲ್ಲಿದ್ದ ಕ್ಯಾಪ್ಟನ್ ಡೇವಿಡ್ ಬೇರ್ಡ್ ಶ್ರೀರಂಗಪಟ್ಟಣದ ಸೆರೆಮನೆಯಲ್ಲಿ ವರ್ಷಗಟ್ಟಲೆ ಕೊಳೆತ. ಒಂದೇ ರೆಜಿಮೆಂಟು, ಒಂದು ಕಾಲು ಮುತ್ತಿಗೆಯಲ್ಲಿ, ಇನ್ನೊಂದು ಕಾಲು ಬೇಡಿಯಲ್ಲಿ. ಆ ವರ್ಷ ಬ್ರಿಟಿಷರ ಜಾತಕ ಅಷ್ಟೇನೂ ಚೆನ್ನಾಗಿರಲಿಲ್ಲ. 1799ರಲ್ಲಿ ಶ್ರೀರಂಗಪಟ್ಟಣದ ಕೋಟೆಗೆ ಲಗ್ಗೆ ಹಾಕಿದ ಪಡೆಯ ಮುಂದೆ ಇದ್ದವನೂ ಇದೇ ಬೇರ್ಡ್. ಅದು ಬೇರೆಯೇ ಹೊಟ್ಟೆಯುರಿಯ ಕಥೆ, ಬಂಡೆಗೆ ವಾಪಸು ಬರೋಣ.

ಯುದ್ಧದಲ್ಲಿ ಆಗದ್ದು ಬೇಲಿಯಲ್ಲಿ ಆದೀತೇ ಎಂದು ನೋಡಿದವನು ಸರ್ವಾಧಿಕಾರಿ ಫ್ರಾಂಕೋ. ಬೇಲಿ ಹಾಕಿದ್ದು ಬ್ರಿಟಿಷರು, 1909ರಲ್ಲಿ. ಬೀಗ ಹಾಕಿದ್ದು ಇವನು, 1969ರ ಜೂನಿನಲ್ಲಿ. ದಿನಾ ಗೇಟು ದಾಟಿ ಕೆಲಸಕ್ಕೆ ಹೋಗುತ್ತಿದ್ದ ಸಾವಿರಾರು ಸ್ಪ್ಯಾನಿಷರ ಕೆಲಸ ಒಂದೇ ದಿನದಲ್ಲಿ ಹೋಯಿತು. ಬಂಡೆಯನ್ನು ಬಗ್ಗಿಸಲು ಹೋಗಿ ತನ್ನವರ ಹೊಟ್ಟೆಗೇ ಹೊಡೆದ. ಟೆಲಿಫೋನ್ ತಂತಿಯೂ ಕಡಿಯಿತು. ಅಕ್ಕ ಇತ್ತ, ತಂಗಿ ಅತ್ತ. ನಡುವೆ ಎರಡು ಗೇಟು, ಅವುಗಳ ನಡುವೆ ಯಾರದ್ದೂ ಅಲ್ಲದ ಒಂದು ತುಂಡು ರಸ್ತೆ. ಜನ ಗೇಟಿಗೆ ಆತುಕೊಂಡು ಈ ಕಡೆಯಿಂದ ಆ ಕಡೆಗೆ ಕೂಗಿ ಮಾತಾಡುತ್ತಿದ್ದರು. ಗಾಳಿ ಬೀಸಿದರೆ ಅರ್ಧ ಮಾತು ಕೇಳಿಸದು. ಹೊಸದಾಗಿ ಹುಟ್ಟಿದ ಮಗುವನ್ನು ಅಜ್ಜಿಗೆ ಕಾಣಲೆಂದು ಎರಡೂ ಕೈಯಲ್ಲಿ ಮೇಲಕ್ಕೆ ಎತ್ತಿ ಹಿಡಿಯುತ್ತಿದ್ದರು. ಕೂಗುವಷ್ಟು ಹತ್ತಿರದ ಆ ಅಜ್ಜಿಯ ಮನೆಗೆ ಹೋಗಬೇಕೆಂದರೆ ಹಡಗು ಹತ್ತಿ ಆಫ್ರಿಕಾದ ಟಾಂಜಿಯರಿಗೆ ಹೋಗಿ, ಅಲ್ಲಿಂದ ಇನ್ನೊಂದು ಹಡಗಿನಲ್ಲಿ ಸ್ಪೇನಿಗೆ ವಾಪಸು ಬರಬೇಕಿತ್ತು. ಫ್ರಾಂಕೋ 1975ರಲ್ಲಿ ಸತ್ತ. ಬೀಗ ಸಾಯಲಿಲ್ಲ. 1982ರ ಡಿಸೆಂಬರಿನಲ್ಲಿ ನಡೆದು ಹೋಗುವವರಿಗೆ, 1985ರ ಫೆಬ್ರವರಿಯಲ್ಲಿ ಎಲ್ಲರಿಗೂ ತೆರೆಯಿತು.

ಅದು ಗಡಿ ಎಂದು ಸ್ಪೇನು ಒಪ್ಪುವುದಿಲ್ಲ, ಇದು ನೆನಪಿರಲಿ. ಗಡಿ ಎಂದರೆ ಆಚೆಗಿರುವುದು ಬೇರೆ ದೇಶ ಎಂದಾಗುತ್ತದೆ. ಹಾಗಾಗಿ ಸರ್ಕಾರಿ ಭಾಷೆಯಲ್ಲಿ ಅದು ಬರೀ 'ವೆರ್ಹಾ', ಅಂದರೆ ಬೇಲಿ. ಬೇಲಿಯ ಬಳಿ ಪಾಸ್‌ಪೋರ್ಟ್ ಯಾಕೆ ಕೇಳುತ್ತೀರಿ ಎಂದರೆ, ಅದು ಬೇರೆ ವಿಷಯ. 2013ರಲ್ಲಿ ಜಿಬ್ರಾಲ್ಟರಿನವರು ಮೀನಿಗೆ ಮನೆ ಮಾಡುತ್ತೇವೆಂದು 70 ಕಾಂಕ್ರೀಟು ದಿಮ್ಮಿಗಳನ್ನು ಕಡಲಿಗೆ ಹಾಕಿದಾಗ, ಆ ಬೇರೆ ವಿಷಯ ಎಷ್ಟು ಬಿಗಿಯಾಯಿತೆಂದರೆ ಕಾರುಗಳು ಗಂಟೆಗಟ್ಟಲೆ ಸಾಲು ನಿಂತವು. ಇಲ್ಲದ ಗಡಿಯಲ್ಲಿ ಕ್ಯೂ ಮಾತ್ರ ಅಪ್ಪಟ ನಿಜ.

ಬದುವಿನ ಜಗಳ ಇದ್ದ ಮೇಲೆ ಮದುವೆ ಊಟ ಬಿಡುವುದು ಇದ್ದದ್ದೇ. 1981ರಲ್ಲಿ ಚಾರ್ಲ್ಸ್ ಮತ್ತು ಡಯಾನಾ ಮಧುಚಂದ್ರದ ಹಡಗನ್ನು ಜಿಬ್ರಾಲ್ಟರಿನಲ್ಲಿ ಹತ್ತುತ್ತಾರೆಂದು ತಿಳಿದು ಸ್ಪೇನಿನ ದೊರೆ ಹುವಾನ್ ಕಾರ್ಲೋಸ್ ಮದುವೆಗೇ ಹೋಗಲಿಲ್ಲ. 2012ರಲ್ಲಿ ಎಲಿಜಬೆತ್ ರಾಣಿಯ ವಜ್ರಮಹೋತ್ಸವದ ಊಟವನ್ನು ಬಿಟ್ಟದ್ದು ಅವನ ಹೆಂಡತಿ ಸೋಫಿಯಾ. ರಾಣಿಯ ಕಿರಿಮಗ ಎಡ್ವರ್ಡ್ ಬಂಡೆಗೆ ಹೋಗುವವನಿದ್ದ ಎಂಬುದು ಕಾರಣ. ಎರಡೂ ಮನೆತನ ವಿಕ್ಟೋರಿಯಾ ರಾಣಿಯ ಸಂತಾನವೇ, ಅಂದರೆ ಸಾಕ್ಷಾತ್ ದಾಯಾದಿಗಳು. ಮಂತ್ರಾಕ್ಷತೆಗೂ ಬರಲಿಲ್ಲ ನೋಡು ಎಂದು ಅರಮನೆಯ ಅಡುಗೆಮನೆಯಲ್ಲಿ ಯಾರಾದರೂ ಅಂದಿರಲೇಬೇಕು.

ಇಷ್ಟೆಲ್ಲ ಓದಿ ಅಯ್ಯೋ ಪಾಪ ಸ್ಪೇನು ಎಂದುಕೊಂಡಿದ್ದರೆ, ದಯವಿಟ್ಟು ಬಂಡೆಯ ಮೇಲೆ ನಿಂತು ದಕ್ಷಿಣಕ್ಕೆ ತಿರುಗಿ. ಜಲಸಂಧಿಯ ಆಚೆ ಆಫ್ರಿಕಾದ ನೆಲದ ಮೇಲೆ ಬೆಳ್ಳಗೆ ಕಾಣುವ ಊರು ಸೆವುತಾ. ಅದು ಸ್ಪೇನಿನದು. ಇನ್ನೂ ಪೂರ್ವಕ್ಕೆ ಮೆಲಿಯಾ, ಅದೂ ಸ್ಪೇನಿನದು. ಎರಡೂ ನಮ್ಮವು, ಕೊಡಿ ಎಂದು ಮೊರಾಕೋ ಕೇಳುತ್ತಲೇ ಇದೆ. ಛೆ ಛೆ, ಅದೂ ಇದೂ ಒಂದೇ ಹೇಗೆ ಎಂದು ಸ್ಪೇನು ನೊಂದುಕೊಳ್ಳುತ್ತದೆ. ಜಿಬ್ರಾಲ್ಟರ್ ವಸಾಹತು, ವಿಶ್ವಸಂಸ್ಥೆಯ ಪಟ್ಟಿಯಲ್ಲೇ ಇದೆ. ಸೆವುತಾ ಶತಮಾನಗಳಿಂದ ನಮ್ಮದು, ಅಲ್ಲಿನ ಜನಕ್ಕೆ ನಾವೇ ಬೇಕು. ಈ ಕೊನೆಯ ವಾಕ್ಯವನ್ನು ಬ್ರಿಟನ್ನಿನಿಂದ ಕಡ ತಂದದ್ದು ಎಂದು ಯಾರೂ ಕಿವಿಯಲ್ಲಿ ಹೇಳಲಿಲ್ಲ. ಬಂಡೆಯ ಬಳಿಯ ಬೇಲಿ ನಾಚಿಕೆಗೇಡು ಎನ್ನುವ ಸ್ಪೇನು ಸೆವುತಾದ ಸುತ್ತ ಎತ್ತರದ ಜೋಡಿ ಬೇಲಿ ಎಬ್ಬಿಸಿದೆ. ಅದನ್ನು ಹತ್ತಲು ಹೋಗಿ ಸತ್ತವರೂ ಇದ್ದಾರೆ. ಅದನ್ನು ನಗುತ್ತಾ ಬರೆಯುವ ಶಕ್ತಿ ನನಗಿಲ್ಲ.

ನಗುವುದಕ್ಕೆ ಕೊತ್ತಂಬರಿ ಇದೆ. ಬ್ರಿಟಿಷರು ದಾರಿ ತಪ್ಪಿ ಇಳಿದ ಅದೇ 2002ರ ಜುಲೈ. ಮೊರಾಕೋ ದಡದಿಂದ ಒಬ್ಬ ಒಳ್ಳೆಯ ಈಜುಗಾರ ಬೆಳಗಿನ ಕಾಫಿಗೆ ಮುಂಚೆ ಹೋಗಿ ಬರುವಷ್ಟು ದೂರದಲ್ಲಿ, ಸುಮಾರು 250 ಮೀಟರಿನಲ್ಲಿ, ಪೆರೆಹಿಲ್ ಎಂಬ ಬೋಳು ದ್ವೀಪವಿದೆ. ಹೆಸರಿನ ಅರ್ಥ ಪಾರ್ಸ್ಲಿ, ನಮ್ಮ ಕೊತ್ತಂಬರಿಯ ದಾಯಾದಿ. ಜನ ಇಲ್ಲ. ಮೇಯಲು ಬರುವ ಆಡುಗಳಿವೆ. ಜುಲೈ 11ರಂದು ಹತ್ತು ಹನ್ನೆರಡು ಮೊರಾಕನ್ ಯೋಧರು ಅಲ್ಲಿ ಹೋಗಿ ಟೆಂಟು ಹಾಕಿ ಬಾವುಟ ನೆಟ್ಟರು. ಸ್ಪೇನಿನ ಪೌರುಷ ಕೆರಳಿತು. ಯುದ್ಧನೌಕೆ ಬಂತು, ಹೆಲಿಕಾಪ್ಟರ್ ಬಂತು, 17ರ ನಸುಕಿನಲ್ಲಿ ಕಮಾಂಡೋಗಳು ಇಳಿದರು. ಅಷ್ಟರಲ್ಲಿ ಉಳಿದಿದ್ದ ಆರು ಜನ ಶರಣಾದರು. ಒಂದು ಗುಂಡೂ ಹಾರಲಿಲ್ಲ. ರಕ್ಷಣಾ ಸಚಿವ ಫೆದೆರಿಕೋ ತ್ರಿಯೋ ಸಂಸತ್ತಿನಲ್ಲಿ ನಿಂತು, ನಸುಕಿನ ಹೊತ್ತು, ಬಿರುಸಾದ ಮೂಡಣ ಗಾಳಿ ಎಂದು ಶುರು ಮಾಡಿದ ವರದಿ ಗದಾಯುದ್ಧದ ಪದ್ಯ ಓದಿದ ಹಾಗಿತ್ತು. ಕಡೆಗೆ ಅಮೆರಿಕದ ವಿದೇಶಾಂಗ ಸಚಿವ ಕಾಲಿನ್ ಪವೆಲ್ ಎರಡೂ ಕಡೆಗೆ ಫೋನು ಮಾಡಿ ಮಾಡಿ ರಾಜಿ ಮಾಡಿಸಿದರು. ಯಾರೂ ಅಲ್ಲಿ ಇರಕೂಡದು ಎಂದು ತೀರ್ಮಾನವಾಯಿತು. ಆಡುಗಳಿಗೆ ಮೊದಲೇ ಗೊತ್ತಿದ್ದ ತೀರ್ಪು.

ಸ್ಪೇನಿನ ಪಶ್ಚಿಮದಲ್ಲಿ ಒಲಿವೆನ್ಸಾ ಎಂಬ ಊರಿದೆ. 1801ರಲ್ಲಿ ಪೋರ್ಚುಗಲ್‌ನಿಂದ ಕಿತ್ತುಕೊಂಡದ್ದು. ವಾಪಸು ಕೊಡಿಸಬೇಕೆಂದು 1815ರ ವಿಯೆನ್ನಾ ಸಭೆ ಬರೆದಿದೆ. ಸ್ಪೇನಿಗೆ ಇನ್ನೂ ಆ ಪುಟ ತೆಗೆಯಲು ಪುರುಸೊತ್ತಾಗಿಲ್ಲ.

ಹಾಗಂತ ಬ್ರಿಟನ್ನಿಗೆ ಮಂಗಳಾರತಿ ಎತ್ತುವುದೂ ಬೇಡ. ಜನರ ಇಚ್ಛೆಯೇ ಅಂತಿಮ ಎಂಬುದು ಜಿಬ್ರಾಲ್ಟರಿನಲ್ಲಿ ಅದರ ವೇದವಾಕ್ಯ. ಅದೇ ಬ್ರಿಟನ್ ನಮ್ಮದೇ ಹಿಂದೂ ಮಹಾಸಾಗರದ ಚಾಗೋಸ್ ದ್ವೀಪಗಳಲ್ಲಿ, ಅಮೆರಿಕದ ಸೇನಾ ನೆಲೆಗೆ ಜಾಗ ಬೇಕೆಂದು, 1973ರ ಹೊತ್ತಿಗೆ ಅಷ್ಟೂ ಜನರನ್ನು ಹಡಗು ಹತ್ತಿಸಿ ಕಳಿಸಿತು. ಅವರ ಇಚ್ಛೆ ಕೇಳಲು ಮತಪೆಟ್ಟಿಗೆ ಸಿಗಲಿಲ್ಲವೋ ಏನೋ. ಪೆಟ್ಟಿಗೆಗಳೆಲ್ಲ ಜಿಬ್ರಾಲ್ಟರಿನಲ್ಲಿದ್ದವು. 1967ರಲ್ಲಿ ಅಲ್ಲಿ ಕೇಳಿದಾಗ ಬ್ರಿಟನ್ ಬೇಕೆಂದವರು 12,138, ಸ್ಪೇನ್ ಬೇಕೆಂದವರು 44. 2002ರ ನವೆಂಬರಿನಲ್ಲಿ, ಇಬ್ಬರೂ ಸೇರಿ ಆಳಿದರೆ ಹೇಗೆ ಎಂದು ಕೇಳಿದರು. ಬೇಡ ಎಂದವರು 17,900, ಆಗಲಿ ಎಂದವರು 187. ಮೂವತ್ತೈದು ವರ್ಷದಲ್ಲಿ 143 ಮತಗಳ ಏರಿಕೆ! ಇದೇ ವೇಗ ಕಾಯ್ದುಕೊಂಡರೆ ಇನ್ನು ಎರಡು ಸಾವಿರ ವರ್ಷ ಚಿಲ್ಲರೆಯಲ್ಲಿ ಸ್ಪೇನಿಗೆ ಬಹುಮತ ಖಚಿತ. 2016ರಲ್ಲಿ ಯುರೋಪಿನ ಒಕ್ಕೂಟದಲ್ಲೇ ಉಳಿಯೋಣ ಎಂದು ಬಂಡೆಯ ನೂರಕ್ಕೆ 96 ಮಂದಿ ಒತ್ತಿದರು. ಜನರ ಇಚ್ಛೆಯನ್ನು ಶಿರಸಾವಹಿಸುವ ಬ್ರಿಟನ್ ಅವರನ್ನೂ ಎಳೆದುಕೊಂಡು ಹೊರಬಿತ್ತು.

ಹೊರಬಿದ್ದ ಮೇಲೆ ದಿನಾ ಗೇಟು ದಾಟುವ ಸುಮಾರು ಹದಿನೈದು ಸಾವಿರ ಕೆಲಸಗಾರರ ಗತಿಯೇನು ಎಂದು ವರ್ಷಗಟ್ಟಲೆ ಮಾತಾಡಿ, 2025ರ ಜೂನ್ 11ರಂದು ರಾಜಿಗೆ ಬಂದರು. ಬೇಲಿಯ ಬಳಿ ತಪಾಸಣೆ ಇರುವುದಿಲ್ಲ. ತಪಾಸಣೆ ವಿಮಾನ ನಿಲ್ದಾಣದಲ್ಲಿ, ಬಂದರಿನಲ್ಲಿ. ಮೊದಲು ಜಿಬ್ರಾಲ್ಟರಿನ ಅಧಿಕಾರಿ ಪಾಸ್‌ಪೋರ್ಟ್ ನೋಡಬೇಕು, ಪಕ್ಕದಲ್ಲೇ ಸ್ಪೇನಿನ ಅಧಿಕಾರಿ ಷೆಂಗನ್ (ಒಳಗಡಿಗಳಲ್ಲಿ ಪಾಸ್‌ಪೋರ್ಟ್ ಕೇಳದ ಯುರೋಪಿನ ದೇಶಗಳ ಕೂಟ) ಪರವಾಗಿ ಮತ್ತೊಮ್ಮೆ ನೋಡಬೇಕು. ನಿಧಾನ ಯೋಚಿಸಿ. ಇದು ನಮ್ಮದೇ ನೆಲ ಎಂದು ಸ್ಪೇನು ಹೇಳುವ ಅಂಗಳ. ಅಲ್ಲಿ ಸ್ಪೇನಿನ ಪೊಲೀಸ್ ಕೂತು, ಯಾರು ಸ್ಪೇನಿನ ಒಳಗೆ ಬರುತ್ತಿದ್ದಾರೆ ಎಂದು ಪರೀಕ್ಷಿಸುತ್ತಾನೆ. ಇದು ನಮ್ಮದೇ ನೆಲ ಎನ್ನುವ ಬ್ರಿಟನ್ ಅವನಿಗೆ ಕುರ್ಚಿ ಹಾಕಿಕೊಡುತ್ತದೆ. ಇದರಿಂದ ನಮ್ಮ ನಮ್ಮ ಹಕ್ಕಿನ ವಾದಕ್ಕೆ ಧಕ್ಕೆಯಿಲ್ಲ ಎಂದು ಎರಡೂ ಕಡೆಯವರು ಬರೆಸಿಕೊಂಡಿದ್ದಾರೆ. ಚೆಕ್ಕುಬಂದಿ ಈ ಸಲವೂ ಖಾಲಿ.

ಒಂದು ತೊಡಕನ್ನು ಮಾತ್ರ ಯಾರೂ ಯೋಚಿಸಿದಂತಿಲ್ಲ. ಮುಂದೊಂದು ಭಾನುವಾರ ರಾಯಲ್ ಮರೀನ್ ಯೋಧರು ಮತ್ತೆ ತಪ್ಪು ದಂಡೆಗೆ ಇಳಿದರೆ, ಲಾ ಲಿನೇಯಾದ ಪೊಲೀಸರು 'ಬೇಲಿಯ ಆ ಕಡೆ ಹೋಗಿ ಸ್ವಾಮಿ' ಎಂದು ಯಾವ ಬೇಲಿಯನ್ನು ತೋರಿಸಬೇಕು?