ನಮ್ಮ ರಸಮಂಜರಿಯವರ ಹಾಡು ಎಲ್ಲಿ ಉಳಿಯಬೇಕು?

ಮಡಗಾಂವ್‌ನಲ್ಲಿ ನಮ್ಮ ಪಕ್ಕದ ಮನೆಯ ಅಂಕಲ್‌ಗೆ ಎಪ್ಪತ್ತು ದಾಟಿದೆ. ತಿಯಾತ್ರ್ ಅನ್ನುವ, ಹಾಡು ತುಂಬಿದ ಕೊಂಕಣಿ ನಾಟಕಗಳ ಬ್ಯಾಂಡಿನಲ್ಲಿ ವರ್ಷಗಟ್ಟಲೆ ಟ್ರಂಪೆಟ್ ಊದಿದವರು. ಅವರ ಜೊತೆ ಕೂತು ‘ನಾಚೊಂಯಾ ಕುಂಪಾಸಾರ್’ ನೋಡಿದೆ. ಬಾರ್ಡ್‌ರಾಯ್ ಬರೆಟ್ಟೊ ಅವರ ಕೊಂಕಣಿ ಸಿನಿಮಾ. ಅದರಲ್ಲಿ ಒಬ್ಬ ಟ್ರಂಪೆಟ್ ವಾದಕ, ಒಬ್ಬ ಗಾಯಕಿ, ಒಂದು ಬ್ಯಾಂಡ್. 1960–70ರ ಗೋವಾ ಮತ್ತು ಬಾಂಬೆ. ಆ ಇಬ್ಬರ ಹೆಸರು ಕಲ್ಪನೆಯದು. ಹಾಡುಗಳು ಮಾತ್ರ ಕಲ್ಪನೆಯಲ್ಲ. ಕ್ರಿಸ್ ಪೆರಿ ಕಟ್ಟಿ, ಲೋರ್ನಾ ಹಾಡಿ, ಗೋವಾದ ಮನೆಮನೆಯಲ್ಲಿ ಉಳಿದ ಹಾಡುಗಳನ್ನೇ ಮತ್ತೆ ಹೊಸದಾಗಿ ನುಡಿಸಿದ್ದಾರೆ. ಸಿನಿಮಾ ನಡೆಯುತ್ತಿದ್ದಷ್ಟು ಹೊತ್ತೂ ಅಂಕಲ್‌ನ ಬಲಗೈಯ ಮೂರು ಬೆರಳು ತೊಡೆಯ ಮೇಲೆ ಒತ್ತುತ್ತಲೇ ಇದ್ದವು.

ಅವತ್ತು ನನಗೆ ನಮ್ಮ ಸೋದರಮಾವ ನೆನಪಾದರು.

ಮಾವ ಹುಬ್ಬಳ್ಳಿಯಲ್ಲಿ ಆರ್ಕೆಸ್ಟ್ರಾದವರು. ಗಣಪತಿ ಹಬ್ಬ ಬಂದರೆ ಊರೂರಲ್ಲಿ ರಸಮಂಜರಿ. ಅವರು ಕೀಬೋರ್ಡ್ ನುಡಿಸುತ್ತಿದ್ದರು. ಕಲಿತದ್ದೆಲ್ಲ ಕಿವಿಯಿಂದ. ರಾಜನ್–ನಾಗೇಂದ್ರ ಅವರ ಹಾಡಿನ ನಡುವೆ ಬರುವ ನಾಲ್ಕು ಸಾಲಿನ ಸಂಗೀತಕ್ಕಾಗಿ ಒಂದೇ ಕ್ಯಾಸೆಟ್ಟನ್ನು ರಾತ್ರಿಯಿಡೀ ಹಿಂದೆ ಓಡಿಸಿ, ಮತ್ತೆ ಕೇಳಿ, ಮತ್ತೆ ಓಡಿಸುತ್ತಿದ್ದರು. ಟೇಪ್ ರೆಕಾರ್ಡರಿನ ರಿವೈಂಡ್ ಗುಂಡಿಯ ಮೇಲಿನ ಅಕ್ಷರ ಸವೆದೇ ಹೋಗಿತ್ತು. ಅಜ್ಜಿಗೆ ನಿದ್ದೆ ಇಲ್ಲ, ಆದರೂ ಒಂದು ಮಾತು ಆಡುತ್ತಿರಲಿಲ್ಲ.

ಗೋವಾದ ರೀತಿ ಬೇರೆ. ಅಂಕಲ್ ಚರ್ಚಿನ ಶಾಲೆಯಲ್ಲಿ ಓದಿದವರು. ಅಲ್ಲಿ ಮೆಸ್ತ್ರಿ, ಅಂದರೆ ಸಂಗೀತದ ಮೇಷ್ಟ್ರು, ಮಕ್ಕಳಿಗೆ ಸ್ವರಲಿಪಿ ಓದಲು ಕಲಿಸುತ್ತಿದ್ದರು. (ನಮ್ಮ ಗಾರೆ ಕೆಲಸದ ಮೇಸ್ತ್ರಿ ಕೂಡ ಅದೇ ಪೋರ್ಚುಗೀಸ್ ಪದದಿಂದ ಬಂದದ್ದು.) ಆ ಓದಿನ ಬಲದಿಂದಲೇ ಗೋವಾದವರು ಬಾಂಬೆಗೆ ಹೋಗಿ ಹಿಂದಿ ಸಿನಿಮಾದ ವಾದ್ಯವೃಂದಗಳನ್ನು ತುಂಬಿದರು. ಮಜೋರ್ಡಾದ ಆಂಥೋನಿ ಗೊನ್ಸಾಲ್ವಿಸ್ ಅವರು, ಲಕ್ಷ್ಮೀಕಾಂತ್–ಪ್ಯಾರೇಲಾಲ್ ಸಂಗೀತ ಜೋಡಿಯ ಪ್ಯಾರೇಲಾಲ್ ಅವರಿಗೆ ಪಿಟೀಲು ಕಲಿಸಿದ ಗುರು. ಶಿಷ್ಯ 1977ರಲ್ಲಿ ಗುರುವಿನ ಹೆಸರನ್ನೇ ‘ಅಮರ್ ಅಕ್ಬರ್ ಆಂಥೋನಿ’ ಸಿನಿಮಾದ ಒಂದು ಹಾಡಿಗೆ ತಂದರು. ದೇಶವೆಲ್ಲ ಅದನ್ನು ಹಾಡಿತು. ಆದರೆ ಅದು ನಿಜವಾದ ಒಬ್ಬ ಮನುಷ್ಯನ ಹೆಸರು ಅಂತ ಎಷ್ಟು ಜನಕ್ಕೆ ಗೊತ್ತಿತ್ತು?

ಅದಕ್ಕೇ ನನಗೆ ಸಿನಿಮಾದ ಇಂಥ ಬ್ಯಾಂಡುಗಳು ಮುಖ್ಯ ಅನ್ನಿಸುತ್ತದೆ. ಪರದೆಯ ಮೇಲಿನ ಆ ಒಬ್ಬ ವಾದಕನಲ್ಲಿ ಹೆಸರಿಲ್ಲದೆ ಹೋದ ನೂರು ಜನ ತಮ್ಮನ್ನು ಕಾಣುತ್ತಾರೆ.

ಹಾಲಿವುಡ್‌ನವರದು ಇನ್ನೊಂದು ದಾರಿ. ಟಾಮ್ ಹ್ಯಾಂಕ್ಸ್ 1996ರಲ್ಲಿ ಮಾಡಿದ ‘ದಟ್ ಥಿಂಗ್ ಯೂ ಡೂ!’ ಸಿನಿಮಾದಲ್ಲಿ 1964ರ ಒಂದು ಬ್ಯಾಂಡ್ ಇದೆ. ಅವರ ಆ ಒಂದು ಹಿಟ್ ಹಾಡನ್ನು ಆಡಮ್ ಶ್ಲೆಸಿಂಜರ್ ಹೊಸದಾಗಿ ಬರೆದರು. ಹಾಡು ಹೊಸದು, ಕೇಳಿದರೆ ಥೇಟ್ ಆ ಕಾಲದ್ದೇ. ತುಂಬಾ ಚೆನ್ನಾಗಿದೆ. ಆದರೆ ಅದನ್ನು ಕೇಳಿ ಯಾರ ಬೆರಳೂ ಹಳೆಯ ಅಭ್ಯಾಸದಿಂದ ತಾನಾಗಿ ಓಡಲಾರದು, ಅಲ್ವಾ?

ಕನ್ನಡದಲ್ಲಿ 2023ರಲ್ಲಿ ‘ಆರ್ಕೆಸ್ಟ್ರಾ, ಮೈಸೂರು!’ ಬಂತು. ಆರ್ಕೆಸ್ಟ್ರಾದವರ ಬದುಕನ್ನು ಪ್ರೀತಿಯಿಂದ ತೋರಿಸಿದ ಸಿನಿಮಾ. ರಘು ದೀಕ್ಷಿತ್ ಅವರ ಹೊಸ ಹಾಡುಗಳೂ ನನಗೆ ಇಷ್ಟವಾದವು. ಆದರೂ ನನ್ನ ಆಸೆ ಬೇರೆ. ನಮ್ಮ ಆರ್ಕೆಸ್ಟ್ರಾದವರು ಸ್ವಂತ ಹಾಡು ಕಟ್ಟಿದವರಲ್ಲ. ಬೇರೆಯವರ ಹಾಡನ್ನು ಬಳ್ಳಾರಿ, ಗದಗ, ರೋಣದ ಚೌಕಕ್ಕೆ ಹೊತ್ತು ತಂದವರು. ‘ಜೂನಿಯರ್ ರಾಜ್‌ಕುಮಾರ್’ ಅಂತ ಮೈಕಿನಲ್ಲಿ ಕೂಗಿಸಿಕೊಂಡವರಿಗೆ ತಮ್ಮ ಹೆಸರೇ ಇರಲಿಲ್ಲ. ಅವರ ಸಿನಿಮಾದಲ್ಲಿ ಆ ಹಳೇ ಹಾಡುಗಳೇ ಇರಬೇಕು. ರೆಕಾರ್ಡಿನಲ್ಲಿ ಇದ್ದ ಹಾಗಲ್ಲ, ಇವರು ನುಡಿಸುತ್ತಿದ್ದ ಹಾಗೆ. ಐವತ್ತು ಪಿಟೀಲು ಮಾಡುವ ಕೆಲಸವನ್ನು ಒಂದು ಕೀಬೋರ್ಡ್, ಎರಡು ಕೈ ಮಾಡುತ್ತಿದ್ದವಲ್ಲ, ಹಾಗೆ. ಹಳೇ ಹಾಡಿನ ಹಕ್ಕಿಗೆ ದುಡ್ಡು ಜಾಸ್ತಿ ಬೀಳುತ್ತದೆ, ನಿಜ. ಸಣ್ಣ ಕೊಂಕಣಿ ಸಿನಿಮಾವೊಂದು ಮಾಡಿ ತೋರಿಸಿದೆಯಲ್ಲ.

ಇನ್ನೊಂದು ಕಾರಣಕ್ಕೆ ನನಗೆ ಅವಸರ. ಅಂಕಲ್‌ನ ಮನೆಯಲ್ಲಿ ಸ್ವರಲಿಪಿಯ ಹಾಳೆಗಳು ಒಂದು ಟ್ರಂಕಿನ ತುಂಬ ಇವೆ. ನಾಳೆ ಯಾರಾದರೂ ತೆರೆದು ನುಡಿಸಬಹುದು. ಮಾವನ ಬಳಿ ಒಂದು ಹಾಳೆಯೂ ಇಲ್ಲ. ಎಲ್ಲ ತಲೆಯಲ್ಲಿ, ಕೈಯಲ್ಲಿ. ಹೋದ ದೀಪಾವಳಿಗೆ ಊರಿಗೆ ಹೋದಾಗ ನನ್ನ ಮಗಳ ಪುಟ್ಟ ಕೀಬೋರ್ಡ್ ಮುಂದಿಟ್ಟೆ. ಬೆರಳು ನಡುಗುತ್ತದೆ ಅಂದರು. ಹಾಡಿನ ಮೊದಲ ಸಾಲು ನಾನು ಗುನುಗಿದೆ. ಎರಡನೇ ಸಾಲಿಗೆ ಅವರೇ ಬಂದು ಸೇರಿಕೊಂಡರು. ನಾನು ಫೋನ್ ತೆಗೆದು ರೆಕಾರ್ಡ್ ಮಾಡಿಕೊಂಡೆ.